ಒಂದು ಸಾಲಿನ ಅಂಜಿಕೆ

ಬೆಳಗಿನ ಆರು ಗಂಟೆ. ಹಡಗಲಿ ಹೊರವಲಯದ ಮೂವತ್ತು ಹಾಸಿಗೆಯ ಆಸ್ಪತ್ರೆಯೊಂದರ ಪಡಸಾಲೆಯಲ್ಲಿ ಸುಂಕಮ್ಮ ಬಿಸ್ಕತ್ತಿನ ಹಳೇ ಡಬ್ಬಿಯನ್ನು ಕಂಕುಳಲ್ಲಿ ಇರುಕಿಕೊಂಡು ಖಾಲಿ ಹಲಗೆಯ ಮುಂದೆ ನಿಂತಿದ್ದಾರೆ. ಡಬ್ಬಿಯ ತುಂಬ ಬಿಳಿ ಪ್ಲಾಸ್ಟಿಕ್ ಅಕ್ಷರಗಳು. ಕರಿ ಹಲಗೆಯ ಸೀಳುಗಳಿಗೆ ಅವನ್ನು ಸಿಕ್ಕಿಸಿ ದಿನಕ್ಕೊಂದು ಒಳ್ಳೆಯ ಮಾತು ಜೋಡಿಸುವುದು ಇವರ ಕೆಲಸ. ನೆಲ ಒರೆಸಿ, ಚಾದರ ಬದಲಿಸಿ, ರೋಗಿಗಳನ್ನು ಎತ್ತಿ ಕೂರಿಸಿ ಪಳಗಿದ ಕೈ ಅದು. ಹಿಂಜರಿಯುವುದು ಮಾತ್ರ ಈ ಹಗುರ ಕೆಲಸಕ್ಕೆ. ಹಿಂದೆ ರೋಗಿಗಳ ಕಡೆಯವರು ಏಳೆಂಟು ಮಂದಿ ಟವೆಲ್ಲು ಹೊದ್ದು ಕೂತು ಹಲಗೆಯನ್ನೇ ನೋಡುತ್ತಿದ್ದಾರೆ.

ಅವರಲ್ಲಿ ಮೈಲಾರದ ಕಡೆಯ ಕುರಿಗಾಹಿ ಮೈಲಾರೇಶ್ ಒಬ್ಬರು. ಹೆಂಡತಿ ಮಂಜಮ್ಮನಿಗೆ ಎರಡು ದಿನದಿಂದ ಹೊಟ್ಟೆನೋವು. ಅಪೆಂಡಿಕ್ಸ್ ಒಡೆಯುವ ಹಂತಕ್ಕೆ ಬಂದಿದೆ, ಹತ್ತು ಗಂಟೆಯೊಳಗೆ ಆಪರೇಷನ್ ಆಗಲೇಬೇಕು ಎಂದು ಡಾಕ್ಟರು ಹೇಳಿದ್ದಾರೆ. ಒಪ್ಪಿಗೆಯ ಕಾಗದ ಮೈಲಾರೇಶ್ ಕೈಯಲ್ಲಿದೆ, ಸಹಿ ಮಾತ್ರ ಬಿದ್ದಿಲ್ಲ. "ಬೋರ್ಡಿನ್ಯಾಗ ಏನ್ ಬರತೈತೋ ನೋಡಿ ಹಾಕ್ತೀನ್ರಿ" ಎಂದು ನರ್ಸ್ ಪ್ರಿಯಾಗೆ ಆಗಲೇ ಎರಡು ಸಲ ಹೇಳಿದ್ದಾರೆ.

ಹೊರಗಿನವರಿಗೆ ಇದು ಹುಚ್ಚಾಟ ಅನ್ನಿಸೀತು. ಆದರೆ ಈ ಸೀಮೆಯ ಜನ ವರ್ಷಕ್ಕೊಮ್ಮೆ ಮೈಲಾರದಲ್ಲಿ ಗೊರವಯ್ಯ ಬಿಲ್ಲೇರಿ ನುಡಿಯುವ ಒಂದೇ ಒಂದು ಸಾಲಿಗೆ ಉಸಿರು ಬಿಗಿಹಿಡಿದು ಕಾಯುತ್ತ ಬೆಳೆದವರು. ಆ ಕಾರ್ಣಿಕದಲ್ಲೇ ಮಳೆ ಬೆಳೆ ಎಲ್ಲವನ್ನೂ ತಿಳಿದುಕೊಳ್ಳುವವರು. ಅಂಥವರ ಮನೆಯ ಜೀವವೊಂದು ಒಳಗೆ ಮಲಗಿರುವಾಗ, ಬೆಳಗಾಗುತ್ತಲೇ ಕಣ್ಣೆದುರು ಒಂದು ಸಾಲು ಮೂಡಿದರೆ ಸುಮ್ಮನೆ ಬಿಟ್ಟಾರೆಯೇ? ಅದೂ ಕಾರ್ಣಿಕವೇ ಆಗಿಬಿಟ್ಟಿತು. ಜೋಡಿಸುವವರು ಏಳನೇ ಇಯತ್ತೆ ಓದಿದ ಆಯಾ ಅನ್ನುವುದು ಗೊತ್ತಿದ್ದೂ ಆಯಿತು.

ಸುಂಕಮ್ಮನಿಗೆ ಈಗ ಐವತ್ತೆರಡು. ಹನ್ನೊಂದು ವರ್ಷದ ಹಿಂದೆ, ಹಳೆಯ ಡಾಕ್ಟರೊಬ್ಬರು ಊರು ಬಿಡುವಾಗ ಈ ಹಲಗೆ ಕೊಟ್ಟು, "ನಿನ್ನ ಅಕ್ಷರಜ್ಞಾನ ತುಕ್ಕು ಹಿಡಿಯಬಾರದು ನೋಡು" ಎಂದಿದ್ದರಂತೆ. ಆಗ ಅದೊಂದು ಖುಷಿ. ಕ್ಯಾಲೆಂಡರಿನ ಹಾಳೆ, ಶಾಲೆಯ ಗೋಡೆ, ಆಟೋ ಬೆನ್ನು, ಎಲ್ಲಿ ಒಳ್ಳೆಯ ಮಾತು ಕಂಡರೂ ಬರೆದುಕೊಂಡು ಬರುವರು. ನೋಟ್‌ಬುಕ್ಕಿನಲ್ಲಿ ಮುನ್ನೂರು ಸಾಲು ಕೂಡಿದ್ದವು. ಒಂದೊಂದೂ ಎರಡು ಮೂರು ಪದ, ಅಷ್ಟೇ. ಡಬ್ಬಿಯಲ್ಲಿ ‘ಳ’ ಇರುವುದೇ ಮೂರು, ಒತ್ತಕ್ಷರಗಳಂತೂ ಲೆಕ್ಕದವು.

ಮೂರು ವರ್ಷದ ಹಿಂದಿನ ಒಂದು ಬೆಳಿಗ್ಗೆ ಅವರು ಜೋಡಿಸಿದ್ದು ‘ಮನೆಗಿಂತ ದೊಡ್ಡ ಮದ್ದಿಲ್ಲ’. ಓದಲು ಎಷ್ಟು ಚೆಂದ! ಹೊಳಲಿನ ಹಂಪಕ್ಕ ಅಂದು ಕಾಲ್ಬೆರಳಿನ ಸಕ್ಕರೆ ಹುಣ್ಣಿಗೆ ದಾಖಲಾಗಿದ್ದರು. ಬೆರಳೊಂದನ್ನು ತೆಗೆಯಬೇಕು ಎಂದಿದ್ದರು ಡಾಕ್ಟರು. ಮನೆಯವರು ಹಲಗೆ ನೋಡಿದರು, ದೇವರೇ ಹೇಳಿದ್ದಾನೆ ಎಂದು ಮಧ್ಯಾಹ್ನದ ಬಸ್ಸಿಗೆ ಹಂಪಕ್ಕನನ್ನು ಕರೆದೊಯ್ದರು. ಅವರು ಹೋದದ್ದು ಯಾಕೆಂದು ಸುಂಕಮ್ಮನಿಗೆ ತಿಳಿದದ್ದು ಮೂರನೇ ದಿನ. ಅವತ್ತೇ ಹೊಳಲಿನ ಬಸ್ ಹತ್ತಿದರು.

"ಬಾಗಲದಾಗ ಹೋಗೂದ್ರಾಗ ವಾಸನಿ ಬಂತ್ರಿ. ‘ಯವ್ವಾ, ಅದು ದೇವರ ಮಾತಲ್ಲಬೇ, ಕ್ಯಾಲೆಂಡರಿನ್ಯಾಗಿಂದು’ ಅಂತ ಅವರ ಕಾಲು ಹಿಡಕೊಂಡೆ. ವಾಪಸ್ ಕರ್ಕೊಂಡು ಬಂದ್ರು. ಆದ್ರ ಕಾಲಿನ ಒಂದು ಬಟ್ಟು ಹೋಗೂ ಜಾಗದಾಗ ಮೊಣಕಾಲ ತನಕ ಹೋತು."

ಹಂಪಕ್ಕ ಈಗಲೂ ಊರುಗೋಲು ಹಿಡಿದು ತಪಾಸಣೆಗೆ ಬರುತ್ತಾರೆ. ಬಂದು ಇದೇ ಹಲಗೆಯ ಕೆಳಗೆ ಕೂರುತ್ತಾರೆ. ಬೈಯುವುದಿಲ್ಲ. ಬೈದಿದ್ದರೆ ಚೆನ್ನಾಗಿತ್ತು ಅನ್ನುತ್ತಾರೆ ಸುಂಕಮ್ಮ.

ಹಾಗಾದರೆ ಬಿಟ್ಟುಬಿಡಬಹುದಲ್ಲ? ಕೊಟ್ಟೂರಿನ ಬ್ಯಾಂಕಿನಲ್ಲಿ ಕೆಲಸ ಮಾಡುವ ಮಗಳು ಸಂಘಮಿತ್ರಾ ಕೇಳುವುದೂ ಅದನ್ನೇ. ಬಿಟ್ಟೂ ನೋಡಿದ್ದಾರೆ. ಹಂಪಕ್ಕನ ಕಾಲು ಹೋದ ಮೇಲೆ ಎರಡು ದಿನ ಹಲಗೆ ಬರಿದಾಗಿತ್ತು. ‘ದೇವರು ಬಾಯಿ ಮುಚ್ಚ್ಯಾನ’ ಎಂದು ವಾರ್ಡಿನ ತುಂಬ ಗುಸುಗುಸು ಎದ್ದಿತು. ಹೆರಿಗೆಗೆ ಬಂದ ಒಬ್ಬಾಕೆ ಅತ್ತು ಅತ್ತು ಬಿಪಿ ಏರಿಸಿಕೊಂಡಳು. ಮೂರನೇ ದಿನ ಸುಂಕಮ್ಮ ಮತ್ತೆ ಡಬ್ಬಿ ಎತ್ತಿಕೊಂಡರು.

ಅಂದಿನಿಂದ ಮೊದಲು ವಾರ್ಡು, ಆಮೇಲೆ ಹಲಗೆ. ಐದೂವರೆಗೆ ಮೂವತ್ತೂ ಹಾಸಿಗೆ ಸುತ್ತಿ, ಯಾರಿಗೆ ಏನಾಗಿದೆ, ಯಾರು ಯಾವುದಕ್ಕೆ ಹೆದರಿದ್ದಾರೆ ಎಂದು ಕೇಳಿಕೊಂಡು ಬರುತ್ತಾರೆ. ಪ್ರತಿ ಹಾಸಿಗೆಯ ಕಣ್ಣಿನಿಂದಲೂ ಸಾಲನ್ನು ಓದಿ ನೋಡುತ್ತಾರೆ. "‘ದೀಪ’ ಬ್ಯಾಡ್ರಿ, ಆರತೈತಿ ಅಂತಾರ. ‘ದಾರಿ’ ಬ್ಯಾಡ, ಮ್ಯಾಲಿನ ದಾರಿ ಅಂತಾರ. ‘ಮನಿ’ ಅಂತೂ ಬ್ಯಾಡೇ ಬ್ಯಾಡ. ಮುನ್ನೂರರಾಗ ಈಗ ಉಳದಿದ್ದು ಇಪ್ಪತ್ತೆರಡು ನೋಡ್ರಿ."

ಇವತ್ತು ಆ ಇಪ್ಪತ್ತೆರಡೂ ಕೈಕೊಟ್ಟಿವೆ. ‘ತಾಳಿದವನು ಬಾಳಿಯಾನು’ ಎಂದರೆ ಮೈಲಾರೇಶ್ ನಾಳೆವರೆಗೆ ತಾಳಿಬಿಟ್ಟರೆ? ‘ಧೈರ್ಯವೇ ಅರ್ಧ ಮದ್ದು’ ಎಂದರೆ ಸಹಿಯೇನೋ ಬೀಳಬಹುದು. ಆದರೆ ಒಳಗೆ ಹೆಚ್ಚುಕಡಿಮೆಯಾದರೆ ಆ ಧೈರ್ಯ ಕೊಟ್ಟವರು ಯಾರು? ಒಂದು ‘ಧೈ’ ಹಿಡಿದು, ಬಿಟ್ಟು, ಮತ್ತೆ ಹಿಡಿಯುತ್ತಾರೆ. ಗೋಡೆಯ ಗಡಿಯಾರ ಆರೂಮುಕ್ಕಾಲು ತೋರಿಸುತ್ತಿದೆ. ಒಳಗಿನಿಂದ ಮಂಜಮ್ಮ ನರಳುವುದು ಪಡಸಾಲೆಗೂ ಕೇಳುತ್ತಿದೆ.

ಸುಂಕಮ್ಮ ತಟ್ಟನೆ ತಿರುಗಿ ಡಬ್ಬಿಯನ್ನು ಮೈಲಾರೇಶ್ ಮುಂದೆ ಹಿಡಿಯುತ್ತಾರೆ.

"ಇವತ್ತಿನ ಸಾಲು ನೀವ ಹಾಕ್ರಿ."

"ನಾನ್ಯಾಕ್ರಿ ಯಕ್ಕಾ?" ಮೈಲಾರೇಶ್ ಎರಡು ಹೆಜ್ಜೆ ಹಿಂದೆ ಸರಿಯುತ್ತಾರೆ.

"ಕಾರ್ಣಿಕ ನುಡಿಯೋರು ಉಪವಾಸ ಇದ್ದು ಬಿಲ್ಲು ಏರ್ತಾರ. ನಾನು ಈಗ ಎರಡು ಬನ್ನು ತಿಂದು ಚಾ ಕುಡುದು ಬಂದೀನಿ. ನನ್ನ ಕೈಯಾಗ ಎಲ್ಲಿ ಬರ್ತಾನ್ರಿ ದೇವರು? ಹಾಕ್ರಿ, ನಿಮ್ಮ ಮನಸ್ಸಿನ್ಯಾಗ ಏನೈತೋ ಅದನ್ನ."

ಕೂತವರಲ್ಲಿ ಯಾರೋ ಕಿಸಕ್ಕನೆ ನಗುತ್ತಾರೆ. ಮೈಲಾರೇಶ್ ನಗುವುದಿಲ್ಲ. ಕುರಿಯ ಕಾಲಿನ ಮುಳ್ಳು ತೆಗೆಯುವವರಂತೆ ಎಚ್ಚರದಿಂದ ಡಬ್ಬಿಯೊಳಗೆ ಬೆರಳಾಡಿಸುತ್ತಾರೆ. ‘ಮ್ಮ’ ಸಿಗದಾಗ ಸುಂಕಮ್ಮ ಹುಡುಕಿ ಕೊಡುತ್ತಾರೆ. ಹತ್ತು ನಿಮಿಷ ಹಿಡಿಯುತ್ತದೆ. ಹಲಗೆಯ ಮೇಲೆ ಸೊಟ್ಟಸೊಟ್ಟಗೆ ಮೂರು ಪದ: ‘ಮಂಜಮ್ಮ ಎದ್ದು ಬಾ’.

ಮೈಲಾರೇಶ್ ಹಲಗೆ ನೋಡುತ್ತಾರೆ, ತಮ್ಮ ಕೈ ನೋಡಿಕೊಳ್ಳುತ್ತಾರೆ. "ಇಷ್ಟನಾ ಯಕ್ಕಾ ಇದು?"

"ಇಷ್ಟ ನೋಡ್ರಿ. ಇನ್ನ ಡಾಕ್ಟರನ್ನ ಕೇಳ್ರಿ, ನನ್ನ ಕೇಳಬ್ಯಾಡ್ರಿ."

ಏಳು ಗಂಟೆಗೆ ಸಹಿ ಬೀಳುತ್ತದೆ. ಒಂಬತ್ತಕ್ಕೆ ಆಪರೇಷನ್ ಕೋಣೆಯ ಬಾಗಿಲು ಮುಚ್ಚುತ್ತದೆ. ಸುಂಕಮ್ಮನ ಅಂಜಿಕೆ ಇನ್ನೂ ಹೆಚ್ಚಾಗುತ್ತದೆ. ಒರೆಸಿದ ನೆಲವನ್ನೇ ಮೂರು ಸಲ ಒರೆಸುತ್ತಾರೆ. "ಕೈ ಅವರದು, ಡಬ್ಬಿ ನಂದು ಅಲ್ಲೇನ್ರಿ? ಏನರ ಆದ್ರ ಈ ಹಲಗಿ ಕಡೆ ಹೆಂಗ ಮುಖ ಎತ್ತಲಿ?"

ಹತ್ತೂವರೆಗೆ ಪ್ರಿಯಾ ಹೊರಬಂದು, ಒಡೆಯುವ ಮೊದಲೇ ತೆಗೆದಿದ್ದಾರೆ, ಇನ್ನೂ ಎಚ್ಚರವಾಗಿಲ್ಲ ಎನ್ನುತ್ತಾರೆ. ಸುಂಕಮ್ಮ ಗೋಡೆಗೆ ಒರಗಿ ಕೂತುಬಿಡುತ್ತಾರೆ. ಮೈಲಾರೇಶ್ ಎದುರಿಗೆ ಕೂತು ಬಾಟಲಿಯ ನೀರು ಮುಂದೆ ಹಿಡಿಯುತ್ತಾರೆ.

ಹನ್ನೊಂದು ವರ್ಷದಲ್ಲಿ, ಬರಿದಾಗಿದ್ದ ಆ ಎರಡು ದಿನ ಬಿಟ್ಟರೆ, ದಿನವೂ ಬದಲಾದ ಹಲಗೆ ನಾಳೆ ಬದಲಾಗುವುದಿಲ್ಲವಂತೆ.

"ಮಂಜಮ್ಮ ಐದನೇ ಇಯತ್ತೆ ಓದ್ಯಾಳಂತ್ರಿ," ಎನ್ನುತ್ತಾರೆ ಸುಂಕಮ್ಮ, ಡಬ್ಬಿಯ ಮುಚ್ಚಳ ಒತ್ತುತ್ತ. "ತಾನ ನಡಕೊಂತ ಬಂದು ಅದನ್ನ ಓದ್ಲಿ. ಅಲ್ಲೀತನ ನಾನು ಒಂದಕ್ಷರನೂ ಕೀಳಂಗಿಲ್ಲ."