ಒಣಮೆಣಸಿನ ಘಾಟು

ಅಂಕೋಲೆಯಲ್ಲಿ ನಮ್ಮ ಪಕ್ಕದ ಮನೆಯ ಮಾಸ್ತರು ಕಾರವಾರದಲ್ಲಿ ರಸಾಯನಶಾಸ್ತ್ರ ಕಲಿಸಿ ನಿವೃತ್ತರಾದವರು. ಒಬ್ಬರೇ ಇದ್ದರು. ಆಗಷ್ಟೇ ಕೊಂಡಿದ್ದ ಮೊಬೈಲಿಗೆ ಕಂಪನಿಯ ಮೆಸೇಜು ಬಿಟ್ಟರೆ ಬೇರೇನೂ ಬರುತ್ತಿರಲಿಲ್ಲ. ಆದರೂ ಅದು ಸದ್ದು ಮಾಡಿದಾಗಲೆಲ್ಲ ಅವಸರದಿಂದ ಕನ್ನಡಕ ಹುಡುಕುತ್ತಿದ್ದರು.

ಯಾವ ಮಾತಿಗೂ ಅವರದು ಒಂದೇ ಉತ್ತರ: "ಮಾಡಿ ನೋಡ್ವಾ." ಯಾವುದನ್ನಾದರೂ ಮಾಟಮಂತ್ರ ಎಂದು ನಾವು ನಕ್ಕರೆ ಸಿಟ್ಟಾಗುತ್ತಿದ್ದರು. "ಸೀಸಾನ ಬಂಗಾರ ಮಾಡ್ತೆ ಅಂತ ಹೊರಟವ್ರ ಒಲೆಯಲ್ಲೇ ನಮ್ಮ ಶಾಸ್ತ್ರ ಹುಟ್ಟಿದ್ದು. ನಗೂದಲ್ಲ, ಮಾಡಿ ನೋಡೂದು."

ನನಗೆ ಜ್ವರ ಬಂದಾಗ ಅಮ್ಮ ಉಪ್ಪು, ಒಣಮೆಣಸು ನಿವಾಳಿಸಿ ಒಲೆಗೆ ಹಾಕಿದಳು. ಘಾಟು ಬರದಿದ್ದರೆ ದೃಷ್ಟಿ ತಾಗಿದೆ ಎಂದು ಲೆಕ್ಕ. ಮಾಸ್ತರು ಬಂದವರೇ ನಿವಾಳಿಸದ ಮೆಣಸನ್ನೂ ಬೇರೆಯಾಗಿ ಸುಡಿಸಿದರು. ಎರಡಕ್ಕೂ ಮನೆಮಂದಿಯೆಲ್ಲ ಒಂದೇ ಸಮ ಕೆಮ್ಮಿದೆವು. ಅವರು ಕೆಮ್ಮುತ್ತಲೇ ನಕ್ಕರು.

ಮರುವರ್ಷ ಅವರೇ ಹಾಸಿಗೆ ಹಿಡಿದರು. ತನ್ನ ದೃಷ್ಟಿಯನ್ನು ತಾನೇ ತೆಗೆದುಕೊಳ್ಳಲು ಬರುವುದಿಲ್ಲ, ಅದಕ್ಕೆ ಇನ್ನೊಬ್ಬರೇ ಬೇಕು. ಅಮ್ಮ ಗಂಜಿ ಕೊಡಲು ಹೋದಾಗ ಮೆಲ್ಲಗೆ ಕೇಳಿದರು: "ತಂಗೀ, ನಂಗೂ ಒಂದ್ಸಲ ನಿವಾಳಿಸ್ತಿಯಾ?"

ಪೂರ್ವಕ್ಕೆ ಮುಖ ಮಾಡಿ ಕಣ್ಣು ಮುಚ್ಚಿ ಕೂತರು. ಈ ಸಲ ಬೇರೆ ಮೆಣಸು ಸುಡುವ ಮಾತೇ ಇಲ್ಲ. ಅಮ್ಮ ನಿವಾಳಿಸಿದ ಮೆಣಸು ಒಲೆಗೆ ಬಿದ್ದದ್ದೇ ಘಾಟು ಮನೆಯ ಮಾಡಿನವರೆಗೂ ಎದ್ದಿತು.

"ದೃಷ್ಟಿ ಎಂತದೂ ಇಲ್ರಾ ಮಾಸ್ತರೆ," ಎಂದು ಅಮ್ಮ ಖುಷಿಯಿಂದ ಹೇಳಿದಳು.

ಮಾಸ್ತರು ಪಂಚೆಯ ತುದಿಯಿಂದ ಕಣ್ಣೊರೆಸಿಕೊಂಡರು. "ಅದು ತಾಗೂಕೂ ಯಾರಾದ್ರೂ ನನ್ನ ನೋಡ್ಬೇಕಲ್ಲ, ತಂಗೀ."