ಬಳಿ ತಪ್ಪಿದ ಶಂಖದ ಹುಳ

ಗಂಗೊಳ್ಳಿ ಬಂದರಿನಲ್ಲಿ ಸೀತುವಿನ ಬಾಯಿಗೆ ಹೆದರದವರು ಕಡಿಮೆ. ಬೋಟು ನಡೆಸುವ ತಾಂಡೇಲರಂಥ ತಾಂಡೇಲರೇ ಅವಳೆದುರು ಬುಟ್ಟಿ ಇಳಿಸುವಾಗ ಸ್ವರ ತಗ್ಗಿಸುತ್ತಿದ್ದರು. ೧೯೯೭ರಲ್ಲಿ, ಗಂಡ ಸೂರ ಹೆಗಲು ನೋವೆಂದು ಬೋಟು ಬಿಟ್ಟು ಮನೆಯಲ್ಲಿ ಕೂತ ವರ್ಷ, ಅವಳು ಮೀನು ಹೆಕ್ಕುವ ಕೆಲಸಕ್ಕೆ ಬಂದಳು. ಬಲೆಯ ರಾಶಿಯಿಂದ ಸಿಗಡಿ, ಬಂಗುಡೆ, ಬೊಂಡಾಸ ಬೇರೆ ಮಾಡಬೇಕು, ಉಳಿದ ಕಸವನ್ನು ಮೀನುಹುಡಿಯ ಲಾರಿಗೆ ಸುರಿಯಬೇಕು. ಬೇರೆ ಹೆಂಗಸರಿಗೆ ಕಸವೆಂದರೆ ಕಸ. ಸೀತುವಿಗೆ ಮಾತ್ರ ಅದರಲ್ಲಿ ಕೈಯಾಡಿಸದೆ ಸಮಾಧಾನವಿಲ್ಲ. ಶಂಖ, ಕವಡೆ, ಮುಳ್ಳಿನ ಚಿಪ್ಪು ಏನು ಸಿಕ್ಕಿದರೂ ಮಡಿಲಿಗೆ ಹಾಕಿಕೊಳ್ಳುವಳು.

"ಎಂತಕ್ ಮಾರಾಯ್ತಿ ಆ ಹುಳದ್ ಮನಿ?" ಎಂದು ಪಕ್ಕದಲ್ಲಿ ಕೂತ ಜಲಜ ತಮಾಷೆ ಮಾಡಿದರೆ, "ನಿನ್ನಂಗೆ ಕಂಡದ್ದೆಲ್ಲ ತಿಂಬುಕೇ ಅಲ್ಲ" ಎಂದು ಬಾಯಿ ಮುಚ್ಚಿಸುವಳು.

೨೦೦೬ರಲ್ಲಿ ಬ್ರಹ್ಮಾವರದಿಂದ ವಿನಯಾ ಬಂದಳು. ಕಾಲೇಜಿನಲ್ಲಿ ಪ್ರಾಣಿಶಾಸ್ತ್ರ ಕಲಿಸುವ ಹುಡುಗಿ. ಆಳ ಸಮುದ್ರದ ಶಂಖದ ಹುಳಗಳ ಮೇಲೆ ಪಿಎಚ್‌ಡಿ ಮಾಡುತ್ತಿದ್ದಳು. ಮೊದಲ ದಿನವೇ ಹೊಸ ಚಪ್ಪಲಿ ಹಾಕಿಕೊಂಡು ಬಂದು, ಮೀನಿನ ಲೋಳೆಯಲ್ಲಿ ಜಾರಿ, ಸೀತುವಿನ ಬುಟ್ಟಿಯ ಮೇಲೇ ಬಿದ್ದಳು. ಸೀತು ಬೈಯಲಿಲ್ಲ. ಬಂದರಿಗೆ ಬಂದರೇ ಬೆರಗಾಯಿತು. ಆರು ತಿಂಗಳು ಕಳೆಯುವಷ್ಟರಲ್ಲಿ ಸೀತು ಹೆಕ್ಕಿ ಕೊಡದ ಯಾವ ಹುಳವೂ ವಿನಯಾಳ ಸ್ಪಿರಿಟ್ ಬಾಟಲಿಗೆ ಇಳಿಯುತ್ತಿರಲಿಲ್ಲ.

ಹುಳಗಳಲ್ಲಿ ಕುಟುಂಬ, ಕುಲ, ಜಾತಿ ಎಂದೆಲ್ಲ ಇರುತ್ತದೆಂದು ವಿನಯಾ ವಿವರಿಸಿದಾಗ ಸೀತು ತಟ್ಟನೆ, "ಅಂದ್ರೆ ನಮ್ಮ ಬಳಿ ಇದ್ದಂಗೆ" ಎಂದಳು. ಅವಳ ಜನರಲ್ಲಿ ಬಳಿ, ಗೋತ್ರದಂಥದ್ದು, ತಾಯಿಯ ಕಡೆಯಿಂದ ಬರುತ್ತದೆ. ಒಂದೇ ಬಳಿಯೊಳಗೆ ಹೆಣ್ಣು ಕೊಡುವುದಿಲ್ಲ, ತರುವುದಿಲ್ಲ. ಸಂಬಂಧದ ಮಾತು ಬಂದರೆ ಜಾತಕಕ್ಕೂ ಮೊದಲು ಕೇಳುವುದು ಬಳಿಯನ್ನೇ. ಅದರಲ್ಲಿ ತಪ್ಪು ಹೇಳಿದವರನ್ನು ಯಾರೂ ಕ್ಷಮಿಸುವುದಿಲ್ಲ.

"ಆದ್ರೆ ಹುಳ ಬಾಯ್ ಬಿಡ್ತಿಲ್ಲೆ ಅಲ್ದಾ? ಅದ್ರ ಬಳಿ ಹ್ಯಾಂಗೆ ಗೊತ್ತಾತ್?"

"ಬಾಗ್ಲ್ ಕಂಡ್ರೆ ಸುಮಾರ್ ಗೊತ್ತಾತ್ ಸೀತಕ್ಕ. ಹಲ್ಲ್ ಕಂಡ್ರೆ ಇನ್ನೂ ಗೊತ್ತಾತ್."

ಬಾಗಿಲೆಂದರೆ ಶಂಖದ ಹುಳ ಒಳಗೆ ಸರಿದು ಬಾಯಿ ಮುಚ್ಚಿಕೊಳ್ಳುವ, ಉಗುರಿನಂಥ ಬಿಲ್ಲೆ. ಬಂದರಿನ ಹೆಂಗಸರು ಮೊದಲಿನಿಂದಲೂ ಅದನ್ನು ಹಾಗೇ ಕರೆಯುತ್ತಿದ್ದರು. ಬಾಗಿಲು ಬಿದ್ದುಹೋದದ್ದನ್ನು ತಂದರೆ ವಿನಯಾಳ ಮುಖ ಸಪ್ಪಗಾಗುತ್ತಿತ್ತು. "ಬಾಗ್ಲ್ ಇಲ್ದಿದ್ರೆ ಅರ್ಧ ವಿಷ್ಯವೇ ಹೋಯ್ತ್" ಎನ್ನುತ್ತಿದ್ದಳು. ಆ ಸಪ್ಪೆ ಮುಖ ಸೀತುವಿಗೆ ನೋಡಲಾಗುತ್ತಿರಲಿಲ್ಲ.

೨೦೦೯ರ ದೀಪಾವಳಿ ಕಳೆದ ಮೇಲೆ ಮುನ್ನೂರು ಮೀಟರ್ ಆಳಕ್ಕೆ ಸಿಗಡಿಗೆಂದು ಹೋದ ಬೋಟೊಂದು ತಂದ ಕಸದಲ್ಲಿ ಅವಳು ಅಲ್ಲಿಯವರೆಗೆ ಕಾಣದ ಒಂದು ಶಂಖ ಸಿಕ್ಕಿತು. ಬೆರಳಿನ ಗೆಣ್ಣಿನಷ್ಟು ಉದ್ದ, ತೆಳ್ಳಗೆ, ಬೆಳ್ಳಗೆ, ಮೈತುಂಬ ಸಣ್ಣ ಗೆರೆ. ಹುಳ ಆಗಲೇ ಕೊಳೆತಿತ್ತು. ಬಾಗಿಲು ಇರಲಿಲ್ಲ. ಬುಟ್ಟಿಯಲ್ಲೆಲ್ಲೋ ಉದುರಿರಬೇಕೆಂದು ಸೀತು ಆ ರಾಶಿಯನ್ನೆಲ್ಲ ಜಾಲಾಡಿದಳು. ಕೊನೆಗೆ ಅಳತೆ ತೆಗೆದು ಮಾಡಿದಂಥ ಒಂದು ಬಾಗಿಲು ಸಿಕ್ಕಿತು! ಮನೆಗೆ ತಂದು, ಒಡೆದ ಬಕೆಟ್ಟಿಗೆ ಹಚ್ಚಲೆಂದು ಕೋಲಿಗೆ ಸುತ್ತಿಟ್ಟಿದ್ದ ಹಲಸಿನ ಮೇಣವನ್ನು ಬೆಂಕಿಗೆ ಹಿಡಿದು, ಒಂದು ಚೂರು ಮೆತ್ತಿ, ಬಾಗಿಲನ್ನು ಅದರ ಜಾಗದಲ್ಲಿ ಕೂರಿಸಿದಳು. ಮೋಸವೆಂದು ಅವಳಿಗೆ ಅನ್ನಿಸಲೇ ಇಲ್ಲ. ಮಗುವಿನ ಕಿವಿಯಿಂದ ಬಿದ್ದ ಓಲೆಯನ್ನು ತಿರುಗಿ ಹಾಕಿದ ಹಾಗೆ, ಅಷ್ಟೇ.

ವಿನಯಾ ಅದನ್ನು ಲೆನ್ಸಿನಡಿ ಇಟ್ಟು ಮತ್ತೆ ಮತ್ತೆ ತಿರುಗಿಸಿ ನೋಡಿದಳು. ಚಿಪ್ಪಿನ ರೂಪ ನೋಡಿದರೆ ಅದು ಬೇಟೆಯಾಡುವ ವಿಷದ ಹುಳಗಳ ಒಂದು ಬಳಿಗೆ ಸೇರಬೇಕು. ಆ ಬಳಿಯ ಯಾವುದಕ್ಕೂ ಬಾಗಿಲಿಲ್ಲ. ಇದಕ್ಕಿದೆ.

"ಇದ್ ಹೊಸ ಹುಳ ಸೀತಕ್ಕ. ಬಳಿಯೇ ಹೊಸತೋ ಏನೋ. ಹುಳಕ್ಕೆ ಎರಡ್ ಹೆಸ್ರ್ ಇಡ್ತ್ರ್. ಎರಡ್ನೇದ್ ನಿಮ್ದ್."

ಹೆಬ್ಬೆಟ್ಟು ಬಿಟ್ಟು ಸಹಿ ಕಲಿಯಲು ಮೂರು ವರ್ಷ ಒದ್ದಾಡಿದ ಹೆಂಗಸಿನ ಹೆಸರು ಲೋಕದ ಪುಸ್ತಕದಲ್ಲಿ! ಸೀತು ಅದನ್ನು ಜಲಜಳಿಗೆ ಹೇಳಿದಳು, ಐಸ್ ಒಡೆಯುವ ಕರಿಯನಿಗೆ ಹೇಳಿದಳು, ಕುಂಭಾಶಿಗೆ ಹೋದಾಗ ಆನೆಗುಡ್ಡೆ ಗಣಪತಿಗೂ ಹೇಳಿದಳು.

ಮುಂದಿನ ಮಾರ್ಚಿನಲ್ಲಿ ಅದೇ ಬೋಟು ಅಂಥವೇ ಹನ್ನೊಂದನ್ನು ತಂದಿತು. ಕೆಲವಕ್ಕೆ ಇನ್ನೂ ಜೀವವಿತ್ತು. ಐಸಿನ ಉಪ್ಪುನೀರಿನ ಬಕೆಟ್ಟಿಗೆ ಹಾಕಿ ಸೀತು ಕುಕ್ಕುರುಗಾಲಲ್ಲಿ ಕೂತಳು. ಬಲೆಗೆ ಮೆತ್ತಿಕೊಂಡು ಬಂದ ಕೆಸರಿನ, ದಾರದಂಥ ಒಂದು ಎಳೆಹುಳವೂ ಅದರಲ್ಲಿ ಹೊರಳುತ್ತಿತ್ತು. ಒಂದು ಶಂಖದೊಳಗಿಂದ ಮೂತಿ ಮೆಲ್ಲನೆ ಉದ್ದವಾಯಿತು, ಎಳೆಹುಳಕ್ಕೆ ಮುಟ್ಟಿತೋ ಇಲ್ಲವೋ, ಅದು ಸೆಟೆದು ನಿಂತಿತು. ಸೂಜಿಯಂಥ ಟೊಳ್ಳು ಹಲ್ಲನ್ನು ಚುಚ್ಚಿ ವಿಷ ಬಿಡುತ್ತದೆಂದು ವಿನಯಾ ಹೇಳಿದ್ದು ಇದನ್ನೇ. ಕಣ್ಣು ಬಿಟ್ಟುಕೊಂಡು ನೋಡುತ್ತಿದ್ದಂತೆ ಶಂಖ ಅದನ್ನು ನುಂಗತೊಡಗಿತು. ಸೀತುವಿಗೆ ಎಲ್ಲಿಲ್ಲದ ಖುಷಿ. ಬಾಗಿಲು ಹೇಗಿದೆಯೆಂದು ಟೀಚರಿಗೆ ಹೇಳಲು ಒಂದನ್ನು ಎತ್ತಿ ಮಗುಚಿದಳು. ಬಾಗಿಲಿಲ್ಲ. ಇನ್ನೊಂದು ಎತ್ತಿದಳು. ಇಲ್ಲ. ಹನ್ನೊಂದಕ್ಕೂ ಇಲ್ಲ.

ಒಂದರ ಬಾಗಿಲು ಉದುರಬಹುದು, ಹನ್ನೊಂದರದ್ದು ಉದುರುವುದುಂಟೇ? ಇವು ಹುಟ್ಟಿದ್ದೇ ಬಾಗಿಲಿಲ್ಲದೆ. ಆ ಮೊದಲನೆಯದಕ್ಕೆ ಬೇರೆ ಬಳಿಯ ಬಾಗಿಲು ಕೂರಿಸಿದವಳು ತಾನು. ಆ ಹುಳದ ಬಗ್ಗೆ ವಿನಯಾ ಬರೆದ ಲೇಖನ ಸೋಮವಾರ ಪತ್ರಿಕೆಗೆ ಹೋಗುವುದಿತ್ತು.

"ಸುಮ್ನಿರ್ ಮಾರಾಯ್ತಿ" ಎಂದಳು ಜಲಜ. "ಈ ಹನ್ನೊಂದನ್ನ ಲಾರಿಗೆ ಹಾಕ್. ಯಾರ್ ಕಾಂಬುಕೆ ಬತ್ರ್? ನಿನ್ ಹೆಸ್ರ್ ಬಪ್ದ್ ಬರ್ಲಿ."

ಸೀತುವಿಗೆ ಆಸೆ ಇತ್ತು. ಇಲ್ಲವೆಂದರೆ ಸುಳ್ಳಾಗುತ್ತದೆ. ಆ ಹೆಸರಿಗಾಗಿ ಅವಳ ಜೀವ ಹಾತೊರೆಯುತ್ತಿತ್ತು. ಆದರೆ ಬಳಿ ತಪ್ಪಿಸಿದವಳ ಹೆಸರನ್ನೇ ಆ ಹುಳ ಹೊತ್ತು ತಿರುಗುವುದೇ? ಶನಿವಾರ ಬೆಳಿಗ್ಗೆ ಹನ್ನೊಂದನ್ನೂ ಐಸಿನ ಡಬ್ಬಿಯಲ್ಲಿ ತುಂಬಿ, ಒಂದು ಸಣ್ಣ ಶೀಶೆ ತೆಂಗಿನೆಣ್ಣೆ ಸೆರಗಿಗೆ ಕಟ್ಟಿ, ಬ್ರಹ್ಮಾವರದ ಬಸ್ಸು ಹತ್ತಿದಳು. ಪಕ್ಕದ ಸೀಟಿನವನು ಮೂಗು ಮುಚ್ಚಿಕೊಂಡ. ಅವಳು ಒಂದು ಸಲ ತಿರುಗಿ ನೋಡಿದ್ದಷ್ಟೇ, ಕೈ ಕೆಳಗಿಳಿಯಿತು.

ಬಾಗಿಲು ತಾನೇ ಅಂಟಿಸಿದ್ದೆಂದರೆ ವಿನಯಾ ನಂಬಲಿಲ್ಲ. "ನಾನೇ ಲೆನ್ಸಲ್ಲಿ ಕಂಡದ್ದ್ ಸೀತಕ್ಕ. ನಿಮ್ಗೆ ಯಾವ್ದೋ ಬೇರೆ ನೆನಪ್."

"ಆ ಶಂಖ ಇಲ್ಲಿ ಕೊಡಿ."

ಹಲಸಿನ ಮೇಣ ನೀರಿಗೆ ಜಗ್ಗುವುದಿಲ್ಲ, ಎಣ್ಣೆಗೆ ಬಿಡುತ್ತದೆ. ಹಲಸಿನಹಣ್ಣು ಕೊಯ್ದ ಯಾವ ಮನೆಯಲ್ಲೂ ಇದನ್ನು ಹೇಳಿಕೊಡಬೇಕಾಗಿಲ್ಲ. ಸೀತು ಹತ್ತಿಯ ತುದಿಗೆ ಎಣ್ಣೆ ಅದ್ದಿ ಶಂಖದ ಬಾಯಿಯ ಸುತ್ತ ಮೆಲ್ಲನೆ ಸವರಿದಳು. ಐದು ನಿಮಿಷ ಕಾದರು. ಬಾಗಿಲು ಜಾರಿ ಮೇಜಿನ ಮೇಲೆ ಬಿತ್ತು.

ವಿನಯಾ ಅದನ್ನು ಬೆರಳಲ್ಲಿ ತಿರುಗಿಸಿ ನೋಡಿದಳು. "ಹಾಂಗಾರೆ ಇದ್ ಹಳೇ ಹುಳ. ನೂರ್ ವರ್ಷದ್ ಹಿಂದೇ ಹೆಸ್ರ್ ಇಟ್ಟದ್ದ್. ನಿಮ್ ಹೆಸ್ರೂ ಹೋಯ್ತ್."

"ಹೋಯ್ಲಿ. ನಂಗೆ ಹೆತ್ತ ಅಬ್ಬಿ ಇಟ್ಟ ಹೆಸ್ರ್ ಇತ್ತಲೆ."

ವಿನಯಾ ಗೋಡೆಯ ಕಪಾಟು ನೋಡಿದಳು. ನಾಲ್ಕು ವರ್ಷದಲ್ಲಿ ಸೀತು ತಂದುಕೊಟ್ಟ ಮುನ್ನೂರ ನಲವತ್ತು ಬಾಟಲಿಗಳು ಅಲ್ಲಿದ್ದವು. "ಅದ್ರಲ್ಲಿ ಎಷ್ಟಕ್ಕ್ ಅಂಟ್ಸಿದ್ರಿ?"

"ಇದೊಂದೇ."

"ನಾ ಈಗ ನಂಬುದ್ ಹ್ಯಾಂಗೆ?"

ಈ ಮಾತು ಸೀತುವಿಗೆ ನಾಟಿತು. ಬಂದರಿನಲ್ಲಿ ಯಾರಾದರೂ ಹೀಗೆ ಕೇಳಿದ್ದರೆ ಅವರ ಏಳು ತಲೆಮಾರಿನ ಜಾತಕ ಬಿಡಿಸುತ್ತಿದ್ದಳು. ಆದರೆ ಹುಡುಗಿ ಕೇಳಿದ್ದರಲ್ಲಿ ತಪ್ಪಿರಲಿಲ್ಲ. ಸೆರಗನ್ನು ಸೊಂಟಕ್ಕೆ ಸಿಕ್ಕಿಸಿಕೊಂಡಳು.

"ಎಣ್ಣಿ ಇತ್ತಲೆ. ಒಂದೊಂದೇ ಕಾಂಬ."

ಏಳು ಭಾನುವಾರ ಸೀತು ಬ್ರಹ್ಮಾವರಕ್ಕೆ ಹೋದಳು. ಒಂದೊಂದೇ ಬಾಟಲಿ ಬಿಚ್ಚುವುದು, ಬಾಗಿಲಿಗೆ ಎಣ್ಣೆ ಸವರುವುದು, ಕಾಯುವುದು, ಒರೆಸಿ ತಿರುಗಿ ಸ್ಪಿರಿಟಿಗೆ ಹಾಕುವುದು. ಬೆನ್ನು ಹಿಡಿದುಕೊಂಡಿತು, ಸ್ಪಿರಿಟಿನ ಘಾಟಿಗೆ ಕಣ್ಣು ಕೆಂಪಾಯಿತು. "ನಿಂಗೆಂತ ಮರ್ಳಾ?" ಎಂದು ಸೂರ ಕೇಳಿದ. "ಹೌದ್" ಎಂದು ಹೊರಟಳು. ಮೊದಲ ಎರಡು ವಾರ ವಿನಯಾ ಕೋಣೆಯ ಬಾಗಿಲು ತೆರೆದು ಸುಮ್ಮನೆ ತನ್ನ ಮೇಜಿಗೆ ಹೋಗುತ್ತಿದ್ದಳು. ಮೂರನೆಯ ವಾರ ಚಹಾ ತಂದಿಟ್ಟಳು. ಐದನೆಯ ವಾರ ಪಕ್ಕದಲ್ಲಿ ಕೂತು ತಾನೂ ಹತ್ತಿ ಹಿಡಿದಳು. ಒಂದೇ ಒಂದು ಬಾಗಿಲೂ ಅಲುಗಲಿಲ್ಲ.

ಏಳನೆಯ ಭಾನುವಾರ ಕೊನೆಯ ಬಾಟಲಿ ಮುಗಿದ ಮೇಲೆ ಆ ಹನ್ನೊಂದಕ್ಕೆ ಚೀಟಿ ಬರೆಯುವುದು ಉಳಿದಿತ್ತು. ವಿನಯಾ ಪುಸ್ತಕ ಬಿಡಿಸಿದಳು. ಯಾವ ಬೋಟು, ಎಷ್ಟು ಆಳ, ಯಾವ ದಿನ ಎಂದು ಕೇಳುತ್ತ ಹೋದಳು, ಸೀತು ಹೇಳುತ್ತ ಹೋದಳು.

"ಬಾಗ್ಲ್, ಸೀತಕ್ಕ?"

"ಇಲ್ಲೆ. ಹನ್ನೊಂದಕ್ಕೂ ಇಲ್ಲೆ."

ವಿನಯಾ ಶಂಖಗಳತ್ತ ನೋಡದೆಯೇ ಬರೆಯಲು ಹೊರಟಳು. ಸೀತುವಿನ ಕಣ್ಣು ತುಂಬಿ ಬಂತು. ಆದರೂ ಎಣ್ಣೆಯ ಕೈಯನ್ನೇ ಚಾಚಿ ಪುಸ್ತಕದ ಮೇಲೆ ಅಡ್ಡ ಇಟ್ಟಳು.

"ಕಾಣ್ದೇ ಬರೆಯೂಕಾಗ ಟೀಚರ್ರೆ. ನಾ ಹೇಳಿದ್ರೂ."

ವಿನಯಾ ಪೆನ್ನು ಕೆಳಗಿಟ್ಟು, ಲೆನ್ಸನ್ನು ಹತ್ತಿರಕ್ಕೆ ಎಳೆದುಕೊಂಡು, ಮೊದಲನೆಯದನ್ನು ಮಗುಚಿದಳು.