ಹದಿನಾಲ್ಕು ವರ್ಷ ಸಾಕಿದ ತಪ್ಪು

ಬೆಳಗಿನ ಐದು ಗಂಟೆ. ಬಸ್ ಓಡಿಸುವ ಗಂಡ ಮೊದಲ ಪಾಳಿಗೆ ಹೊರಟ ಮೇಲೆ ಲೈನಕ್ಕ ಇಸ್ತ್ರಿ ಮೇಜಿನ ಮೇಲಿನ ಬಟ್ಟೆಗಳನ್ನು ಒತ್ತಟ್ಟಿಗೆ ಸರಿಸಿ ಲ್ಯಾಪ್‌ಟಾಪ್ ತೆರೆಯುತ್ತಾರೆ. ದಿನದ ಮೊದಲ ಕೆಲಸವೇ ವಿಚಿತ್ರ. ತಾವು ಹಿಂದೆ ಮಾಡಿದ ಒಂದು ತಪ್ಪು ಇನ್ನೂ ತಪ್ಪಾಗಿಯೇ ಉಳಿದಿದೆಯೇ ಎಂದು ನೋಡುವುದು. ಉಳಿದಿದ್ದರೆ ಪರದೆಯ ಮೇಲೆ ಹಸಿರು ಗುರುತು. ಆಮೇಲೆಯೇ ಟೀ.

ಅವರು ನೋಡಿಕೊಳ್ಳುವುದು ಒಂದು ಲೈಬ್ರರಿ ಫೈಲನ್ನು. ಪುಸ್ತಕದ ಲೈಬ್ರರಿಯಲ್ಲ, ಕಂಪ್ಯೂಟರಿನೊಳಗೆ ಒಂದೇ ಕಡೆ ಕುಳಿತು ಹತ್ತಾರು ಪ್ರೋಗ್ರಾಮುಗಳಿಗೆ ಒದಗುವ ಫೈಲ್, ವಠಾರಕ್ಕೆಲ್ಲ ಒಂದೇ ನಲ್ಲಿ ಇದ್ದ ಹಾಗೆ. ಸಾಫ್ಟ್‌ವೇರ್ ಬರೆಯುವವರು ಲಕ್ಷಗಟ್ಟಲೆ ಸಾಲಿನ ಕೋಡಿನಲ್ಲಿ ಏನಾದರೂ ಹುಡುಕಿದರೆ, ಅದು ಎಷ್ಟನೇ ಸಾಲಿನಲ್ಲಿದೆ, ಬೇರೆಲ್ಲೆಲ್ಲಿ ಬಳಕೆಯಾಗಿದೆ ಎಂದು ಹೇಳಿಕೊಡುವುದು ಇದೇ. ದಿನಕ್ಕೆ ನಲವತ್ತು ಸಾವಿರ ಕಂಪ್ಯೂಟರುಗಳು ಇದನ್ನು ಇಳಿಸಿಕೊಳ್ಳುತ್ತವೆ. ಇದರ ಬೆನ್ನಿಗೆ ಒಂದು ಇಸ್ತ್ರಿ ಮೇಜಿದೆ ಎಂಬುದು ಬಹುಪಾಲು ಜನರಿಗೆ ಗೊತ್ತಿಲ್ಲ.

ಲೈನಕ್ಕ ಮೊದಲು ಪ್ರಿಂಟಿಂಗ್ ಪ್ರೆಸ್ಸಿನಲ್ಲಿ ಕರಡು ತಿದ್ದುತ್ತಿದ್ದವರು. ಸಾಲು ಎಣಿಸಿ ಎಣಿಸಿ ಈ ಅಡ್ಡಹೆಸರು ಅಂಟಿಕೊಂಡಿತು. ಪ್ರೋಗ್ರಾಮ್ ಬರೆಯುವುದನ್ನು ಕಲಿತದ್ದೂ ಅಲ್ಲಿನ ಹಳೇ ಕಂಪ್ಯೂಟರಿನಲ್ಲೇ, ಊಟದ ಬಿಡುವಿನಲ್ಲಿ. ಪ್ರೆಸ್ಸು ಮುಚ್ಚಿತು, ಕಲಿತದ್ದು ಕೈಬಿಡಲಿಲ್ಲ. ಹಗಲು ಒಂದು ಆಫೀಸಿನಲ್ಲಿ ಸಂಬಳದ ಕೆಲಸ. ಈ ಫೈಲಿನದು ಬಿಟ್ಟಿ ಚಾಕರಿ, ಅದೂ ಪ್ರೀತಿಯಿಂದ.

ಆ ತಪ್ಪು ಹುಟ್ಟಿದ್ದು ಅವರು ಈ ಫೈಲು ಬರೆದ ಮೊದಲ ದಿನವೇ. ಸಾಲುಗಳನ್ನು ಒಂದರಿಂದ ಎಣಿಸುವ ಬದಲು ಸೊನ್ನೆಯಿಂದ ಎಣಿಸಿಬಿಟ್ಟರು. ಹತ್ತನೇ ಸಾಲನ್ನು ಫೈಲು ಒಂಬತ್ತು ಎನ್ನುತ್ತಿತ್ತು. ಬಳಸುವವರು ಗೊಣಗದೆ ತಾವೇ ಒಂದು ಕೂಡಿಸಿಕೊಂಡರು. ಮೂರು ವರ್ಷದ ನಂತರ ಇದು ಕಣ್ಣಿಗೆ ಬಿದ್ದಾಗ ಕರಡು ತಿದ್ದಿದ ಕೈ ಸುಮ್ಮನಿದ್ದೀತೇ? ಯಾರಿಗೂ ಹೇಳದೆ ತಿದ್ದಿದರು. ಅದೇ ವಾರ ಇನ್ನೂರ ಹನ್ನೆರಡು ಕಡೆಯಿಂದ ದೂರು ಬಂತು. ಎಲ್ಲರ ಹುಡುಕಾಟವೂ ಒಂದು ಸಾಲು ಕೆಳಗೆ ಹೋಗಿ ನಿಲ್ಲುತ್ತಿತ್ತು.

"ನನ್ನ ತಪ್ಪಿಗೆ ಎಲ್ಲರೂ ಹೊಂದ್ಕೊಂಡ್‌ಬಿಟ್ಟಿದ್ರು. ನಾನೊಬ್ಬಳು ಸರಿಹೋದೆ, ಮಿಕ್ಕವರದ್ದೆಲ್ಲ ಕೆಟ್ಟೋಯ್ತು," ಎಂದು ಅವರು ಈಗ ನಗುತ್ತಾರೆ. ಆಗ ಅತ್ತಿದ್ದರಂತೆ.

ತಪ್ಪನ್ನು ವಾಪಸು ಇಟ್ಟರು. ಪಕ್ಕದಲ್ಲೇ ಸರಿಯಾದ ಎಣಿಕೆಯನ್ನೂ ಬೇರೆ ಹೆಸರಿನಲ್ಲಿ ಸೇರಿಸಿ, ದಯವಿಟ್ಟು ಇದಕ್ಕೆ ಬನ್ನಿ ಎಂದು ಇನ್ನೂರ ಹನ್ನೆರಡು ಜನರಿಗೂ ಬರೆದರು. ಬಂದವರ ಹೆಸರನ್ನು ನೋಟ್‌ಬುಕ್ಕಿನಲ್ಲಿ ಒಂದೊಂದಾಗಿ ಹೊಡೆದುಹಾಕುತ್ತಾ ಹನ್ನೊಂದು ವರ್ಷ ಕಳೆದಿದೆ. "ತಪ್ಪು ಮಾಡಿ ಅದಕ್ಕೆ ಅನ್ನ ಹಾಕಿ ಸಾಕ್ತಿರೋಳು ನಮ್ಮ ಸೊಸೆ ಒಬ್ಬಳೇ," ಎಂದು ಅತ್ತೆ ಮನೆಗೆ ಬಂದವರಿಗೆಲ್ಲ ಹೇಳುತ್ತಾರೆ.

ಈ ತಿಂಗಳು ಹೊಡೆಯದೆ ಉಳಿದಿರುವುದು ಒಂದೇ ಹೆಸರು. ಒಂದು ಊರಿನ ನೀರಿನ ಪಂಪ್‌ಹೌಸ್. ಅದೂ ಬಂದರೆ ತಪ್ಪನ್ನು ಬೇರುಸಹಿತ ಕಿತ್ತುಹಾಕಬಹುದು. ಹದಿನಾಲ್ಕು ವರ್ಷದ ಕಳಂಕ ಕಳೆಯುತ್ತದೆ. ಅಳಿಸುವ ಕೆಲಸವೆಲ್ಲ ಸಿದ್ಧ, ಒಂದು ಗುಂಡಿ ಒತ್ತುವುದಷ್ಟೇ ಬಾಕಿ.

ಇಂದು ಬೆಳಿಗ್ಗೆ ಪಂಪ್‌ಹೌಸಿನ ಮೇಲ್ವಿಚಾರಕಿಯ ಉತ್ತರ ಬಂದಿದೆ. ನಮ್ಮ ಹುಡುಕುವ ಪ್ರೋಗ್ರಾಮ್ ಬರೆದವರು ತೀರಿಕೊಂಡಿದ್ದಾರೆ, ಅದರ ಮೂಲ ಕೋಡು ಎಲ್ಲೂ ಸಿಗುತ್ತಿಲ್ಲ, ಬದಲಿಸುವುದು ನಮ್ಮ ಕೈಲಾಗದು. ಪಂಪು ನಿಂತಾಗ ಅದನ್ನು ನಡೆಸುವ ಕೋಡಿನಲ್ಲಿ ಯಾವ ಸಾಲು ಕೆಟ್ಟಿದೆ ಎಂದು ನೋಡುವುದು ಅದರಿಂದಲೇ. ಸಾಲು ತಪ್ಪಿದರೆ ಊರಿಗೆ ನೀರು ತಪ್ಪುತ್ತದೆ.

ಲೈನಕ್ಕ ಎರಡು ಸಲ ಓದಿ, ಸಿದ್ಧವಾಗಿದ್ದ ಬದಲಾವಣೆಯನ್ನು ರದ್ದು ಮಾಡುತ್ತಾರೆ. ನಿಮ್ಮ ಸಾಲು ಎಲ್ಲಿಗೂ ಹೋಗುವುದಿಲ್ಲ, ನಿಶ್ಚಿಂತೆಯಿಂದಿರಿ ಎಂದು ಉತ್ತರ ಬರೆಯುತ್ತಾರೆ. ಬೇಸರವಿಲ್ಲವೇ ಎಂದು ಕೇಳಿದರೆ ಇಲ್ಲವೆಂದು ತಲೆಯಾಡಿಸಿ, ಟೀಗೆ ನೀರಿಡಲು ಏಳುತ್ತಾರೆ.

"ಇಪ್ಪತ್ತು ವರ್ಷ ಕರಡು ತಿದ್ದಿದೀನಿ. ಕಣ್ತಪ್ಪಿ ಎಷ್ಟು ಬಿಟ್ಟಿದೀನೋ ದೇವರಿಗೇ ಗೊತ್ತು. ಇದೊಂದನ್ನ ಮಾತ್ರ ಕಣ್ಣಾರೆ ನೋಡಿ, ಬೇಕಂತಲೇ ಬಿಟ್ಟಿದೀನಿ."